ಬಾಗಿಲಿಗಿಂತ ದೊಡ್ಡ ಚಿತ್ರಗಳು

ನಾನು ಔರಾದಿನಲ್ಲಿ ಡ್ರಾಯಿಂಗ್ ಮಾಸ್ತರ. ಹೋದ ವರ್ಷ ಬೀದರಿನ ನೌಬಾದದ ಒಂದು ಸಭಾಭವನದಲ್ಲಿ ಮೂವರ ಚಿತ್ರಪ್ರದರ್ಶನ ಏರ್ಪಡಿಸುವ ಹೊಣೆ ನನ್ನ ಮೇಲೆ ಬಿತ್ತು. ಮೂರನೆಯವನು ನಾನೇ. ಉಳಿದಿಬ್ಬರು ಹಿರಿಯರು; ಒಬ್ಬರು ಬೀದರಿನವರು, ಇನ್ನೊಬ್ಬರು ಭಾಲ್ಕಿಯವರು. ತಮ್ಮ ನೀಲಿ ಬಣ್ಣ ಕದ್ದನೆಂದು ಇವರು, ತಮ್ಮ ಚಿತ್ರಗಳ ಕುದುರೆ ಕದ್ದನೆಂದು ಅವರು, ಎಷ್ಟೋ ವರ್ಷಗಳಿಂದ ಮಾತು ಬಿಟ್ಟಿದ್ದರು.

ಮೊದಲು ಬೀದರಿನವರ ಫೋನು ಬಂತು.

“ಮಾಸ್ತರ, ಖರೆ ಹೇಳ್ರಿ. ಭಾಲ್ಕಿಯಂವ ಎಷ್ಟ್ ದೊಡ್ಡ ಚಿತ್ರ ತರ್ಲತ್ತಾನ?”

“ನನಗ ಗೊತ್ತಿಲ್ರಿ ಸರ್.”

“ಗೊತ್ತಿಲ್ಲಂದ್ರ ಹ್ಯಾಂಗ್ರಿ? ನೀವು ಅವನ ಕಡಿ ಅದೀರಿ.”

ಭಾಲ್ಕಿಯವರು ಫೋನು ಮಾಡಲಿಲ್ಲ, ಮನೆಗೇ ಬಂದರು. ಚಹಾ ಕುಡಿದು ಮುಗಿಸಿ ಕೇಳಿದರು: “ದೊಡ್ಡ ಗೋಡಿ ಅವರಿಗಿ ಕೊಟ್ಟೀರಂತಲ್ಲ?”

“ಇನ್ನಾ ಯಾರಿಗೂ ಕೊಟ್ಟಿಲ್ರಿ.”

ನಂಬಲಿಲ್ಲ. ಹೋಗುವಾಗ ನನ್ನ ಹೆಂಡತಿಯನ್ನೂ ಬೇರೆಯಾಗಿ ಕರೆದು ಅದನ್ನೇ ಕೇಳಿದರು. ಹಿರಿಯರಿಬ್ಬರೂ ನನ್ನ ಸಣ್ಣ ಚಿತ್ರವನ್ನು, ಠಾಣಾ ಕುಶನೂರಿನ ತೊಗರಿ ಹೊಲದ್ದನ್ನು, ಬಾಯಿ ತುಂಬ ಹೊಗಳಿದ್ದರು. ಆ ಹೊಗಳಿಕೆಯ ಹಿಂದೆ ಏನಿದೆಯೋ ಎಂದು ನನಗೂ ಅನುಮಾನ ಹತ್ತಿತು.

ಇಬ್ಬರಿಗೂ ಚೌಕಟ್ಟು ಮಾಡುವ ಬಡಗಿ ಒಬ್ಬನೇ. ಇವರು ಅಳತೆ ಹೆಚ್ಚಿಸಿದ ಸುದ್ದಿ ಅವನಿಂದ ಅವರಿಗೆ ಮುಟ್ಟುತ್ತಿತ್ತು, ಅವರದು ಇವರಿಗೆ. ಚಿತ್ರಗಳು ಬೆಳೆಯುತ್ತಲೇ ಹೋದವು.

ಪ್ರದರ್ಶನದ ದಿನ ಒಂದು ಚಿತ್ರ ಟೆಂಪೋದಲ್ಲಿ ಬಂತು, ಇನ್ನೊಂದು ಟ್ರ್ಯಾಕ್ಟರಿನಲ್ಲಿ. ಚಿತ್ರಗಳೆರಡೂ ಬಾಗಿಲಲ್ಲಿ ಹಿಡಿಯಲಿಲ್ಲ. ಓರೆ ಮಾಡಿ ನೋಡಿದೆವು, ಕಿಟಕಿಯ ಕಡೆಯಿಂದಲೂ ನೋಡಿದೆವು. ಕೊನೆಗೆ ಅಂಗಳದ ಬೇವಿನ ಮರಕ್ಕೆ ಒರಗಿಸಬೇಕಾಯಿತು. ಮುಖ್ಯ ಅತಿಥಿಗಳು ಅವಸರದಲ್ಲಿದ್ದರು. ರಿಬ್ಬನ್ ಕತ್ತರಿಸಿ ಒಳಹೋದವರೇ ನನ್ನ ತೊಗರಿ ಹೊಲವೊಂದನ್ನೇ ನೋಡಿ, ಮೆಚ್ಚಿ, ಫೋಟೋ ತೆಗೆಸಿಕೊಂಡು ಹೊರಟುಬಿಟ್ಟರು.

ಹೊರಗೆ ಬಂದರೆ ಹಿರಿಯರಿಬ್ಬರೂ ಮರದ ಕೆಳಗೆ ಮೈಗೆ ಮೈ ತಾಗುವಂತೆ ನಿಂತಿದ್ದರು.

“ಬಾಗಿಲದ ಅಳತಿ ಮಾಸ್ತರಗ ಮೊದಲೇ ಗೊತ್ತಿತ್ತು,” ಎಂದರು ಬೀದರಿನವರು.

“ಗೊತ್ತಿಲ್ದ ಹ್ಯಾಂಗ ಇರ್ತದ್ರಿ? ನಮ್ಮಿಬ್ಬರಿಗಿ ಜಗಳ ಹಚ್ಚಿ ಕೊಟ್ಟಂವನೇ ಅಂವ,” ಎಂದರು ಭಾಲ್ಕಿಯವರು.

ನಾನು ಕೈಮುಗಿದು ಎದುರು ನಿಂತೆ. ನನ್ನನ್ನು ದಾಟಿಕೊಂಡು ಇಬ್ಬರೂ ಜೊತೆಯಾಗಿ ಚಹಾ ಕುಡಿಯಲು ನಡೆದರು.

ಈಗ ಅವರು ಜೋಡಿಯಾಗಿಯೇ ಪ್ರದರ್ಶನ ಮಾಡುತ್ತಾರೆ. ಭಾಲ್ಕಿಯ ಪ್ರದರ್ಶನಕ್ಕೆ ಅವರು ಕರೆಯದಿದ್ದರೂ ಹೋಗಿದ್ದೆ. ಇಬ್ಬರೂ ನಗುತ್ತಲೇ ಬರಮಾಡಿಕೊಂಡು, ನನ್ನ ಎಡಕ್ಕೊಬ್ಬರು ಬಲಕ್ಕೊಬ್ಬರು ನಡೆದರು. ವೇಳೆ ನೋಡಲೆಂದು ಕಿಸೆಯಿಂದ ಮೊಬೈಲ್ ತೆಗೆದೆ.

“ನಮ್ಮ ಚಿತ್ರದ ಫೋಟೋ ಹೊಡೀಬ್ಯಾಡ್ರಿ ಮಾಸ್ತರ,” ಎಂದರು, ಇಬ್ಬರೂ ಒಟ್ಟಿಗೇ.