ಬಾವಟೆಗೊಂದು ಬೊಟ್ಟು

ಹಾಲು ಉಕ್ಕುವ ಮೊದಲು ಒಲೆಯ ಮುಂದೆ ನಿಲ್ಲಬೇಕು, ಯಜಮಾನರ ಮಲ್ಲಾಪುರದ ಬಸ್ಸು ತಿರುವಿಗೆ ಬರುವ ಮೊದಲು ಡಬ್ಬಿ ತುಂಬಬೇಕು, ಮಳೆ ಬರುವ ಮೊದಲು ಹಗ್ಗದ ಮೇಲಿನ ಬಟ್ಟೆ ಒಳಗೆ ತರಬೇಕು. ಗೃಹಿಣಿಯ ಮುಂಜಾವೆಂದರೆ ಇಂಥ ‘ಮೊದಲು’ಗಳದೇ ಮೆರವಣಿಗೆ. ಆಗಸ್ಟಿನ ಕಾರವಾರದಲ್ಲಿ ಬಟ್ಟೆ ಒಣಗುತ್ತದೆಂದು ನಂಬುವುದು ಶುದ್ಧ ಆಶಾವಾದ. ಆದರೂ ಸ್ವಾತಂತ್ರ್ಯೋತ್ಸವದ ಮುನ್ನಾದಿನ ಬೆಳಿಗ್ಗೆ ಅಂಥದೇ ಒಂದು ಆಶಾವಾದವನ್ನು ಹಿಂಡಿ ಹರವುತ್ತಿದ್ದಾಗ, ಬೇಲಿಯಾಚೆಯ ಸೇವಂತಿಯ ಮನೆಯ ಮುಂದಿನ ಧ್ವಜ ನನ್ನ ಕಣ್ಣಿಗೆ ಬಿತ್ತು. ಹಿಂದಿನ ದಿನವಷ್ಟೇ ಏರಿದ ಹೊಸ ಬಾವಟೆ. ಅದರ ಚಕ್ರದ ನಟ್ಟನಡುವಿನಿಂದ ಒಂದು ಕೆಂಪು ಗೆರೆ ಬಿಳಿ ಪಟ್ಟಿಯ ಮೇಲೆ ಇಳಿದು, ಹಸಿರನ್ನೂ ತುಸು ನೆನೆಸಿತ್ತು.

ಹತ್ತಿರ ಹೋಗಿ ನೋಡುವಷ್ಟು ಪುರುಸೊತ್ತಿರಲಿಲ್ಲ. ಅದರ ಅಗತ್ಯವೂ ಬರಲಿಲ್ಲ. ದೋಸೆ ತಿರುವಿಹಾಕುವಷ್ಟರಲ್ಲಿ ಆ ಗೆರೆಯೇ ನನ್ನ ಫೋನಿಗೆ ಬಂದು ಕೂತಿತ್ತು. ಕೇರಿಯ ವಾಟ್ಸಾಪ್ ಗುಂಪಿನಲ್ಲಿ ಎದುರುಮನೆಯ ಪಾಂಡುರಂಗ ಮಾಮ ಅದರ ಫೋಟೋ ಹಾಕಿ, ‘ರಾಷ್ಟ್ರಧ್ವಜಕ್ಕೆ ಕಲೆ ಮಾಡಿ ಹಾರಿಸುವುದು ಅಪರಾಧ, ಸಂಬಂಧಪಟ್ಟವರು ಗಮನಿಸಿ’ ಎಂದು ಬರೆದಿದ್ದರು. ಮಾಮ ಭೂಮಾಪನ ಇಲಾಖೆಯಿಂದ ನಿವೃತ್ತರು. ಅಳೆಯುವುದಕ್ಕೆ ಭೂಮಿ ಸಿಗದ ಮೇಲೆ ಮನುಷ್ಯರನ್ನು ಅಳೆಯುತ್ತಾರೆಂದು ಕೇರಿಯಲ್ಲಿ ನಗೆಯಾಡುವುದುಂಟು. ಆದರೆ ಯಾರ ಮನೆಯಲ್ಲಿ ಕಾಯಿಲೆಯಾದರೂ ಮೊದಲು ರಿಕ್ಷಾ ಕರೆಸುವವರು ಅವರೇ.

ಸಂಬಂಧಪಟ್ಟವಳು ಹಿತ್ತಿಲ ಬಾಗಿಲಿಗೆ ಬಂದು ನಿಂತಳು. ಸೇವಂತಿಗೆ ಗಂಡನಿಲ್ಲ, ಅಂಗನವಾಡಿಯಲ್ಲಿ ಸಹಾಯಕಿಯ ಕೆಲಸ, ಅದರಲ್ಲೇ ಸಂಸಾರ.

“ಬಾಯೋರೆ, ನನ್ನ ಒಳಗೆ ಹಾಕ್ತ್ರಂತೆ, ಹೌದ್ರಾ?”

“ಯಾರು ಮಾರಾಯ್ತಿ ಹೇಳಿದ್ದು?”

“ಅಕ್ಕೋರು ಫೋನ್ ಮಾಡಿದ್ರು. ಇದು ಇತ್ಯರ್ಥ ಆಗೂ ತನಕ ಬರ್ಬೇಡ ಅಂದ್ರು. ನಾಳೆ ಬರ್ಬೇಡ ಅಂದ್ರೆ ನಾಡಿದ್ದೂ ಬರ್ಬೇಡ ಅಂದ್ಹಾಗೇ ಅಲ್ವಾ?”

ಅಂಗನವಾಡಿಯ ಅಕ್ಕೋರು, ಅಂದರೆ ಟೀಚರು, ಅದೇ ವಾಟ್ಸಾಪ್ ಗುಂಪಿನಲ್ಲಿದ್ದರು. ನಡೆದದ್ದು ಇಷ್ಟು: ಹೊಸ ಬಟ್ಟೆಗೆ ಕುಂಕುಮ ತಾಗಿಸದೆ ಉಡುವ ಪದ್ಧತಿ ನಮ್ಮ ಕಡೆ ಇಲ್ಲ. ಸೀರೆಯಾದರೆ ಸೆರಗಿನ ಮೂಲೆಗೆ, ಮಗುವಿನ ಅಂಗಿಯಾದರೆ ಕಾಲರಿನ ಒಳಗೆ, ಒಂದು ಚುಕ್ಕೆ. ಬಾವಟೆಯೂ ಹೊಸ ಬಟ್ಟೆಯೇ. ಎಲ್ಲಿ ಹಚ್ಚಲಿ ಎಂದು ನೋಡಿದವಳಿಗೆ ಚಕ್ರವು ರಂಗೋಲಿಯಂತೆ ಕಂಡಿದೆ. ರಂಗೋಲಿಗೆ ಕುಂಕುಮ ಏರಿಸುವುದು ನಡುವಿಗೇ. ರಾತ್ರಿಯ ಮಳೆ ಉಳಿದ ಕೆಲಸ ಮಾಡಿದೆ.

“ಅದೆಂತ ಕಲೆಯಾ? ಕುಂಕುಮ ಅಲ್ದಾ?” ಎಂದು ಅವಳು ಕೇಳಿದಾಗ ನನ್ನ ಕಾನ್ವೆಂಟ್ ವಿದ್ಯೆಯೆಲ್ಲ ತಲೆ ಕೆರೆದುಕೊಂಡಿತು.

ಆ ವಿದ್ಯೆಯಲ್ಲಿ ಧ್ವಜದ್ದೇ ಒಂದು ಪರ್ವ. ನಮ್ಮ ಸಿಸ್ಟರು ಕೇಸರಿ ಮತ್ತು ಹಸಿರನ್ನು ಬಿಳಿಯ ಕೆಳಗೆ ಮಡಚಿ, ಚಕ್ರ ಮೇಲೆ ಬರುವಂತೆ ಎರಡೂ ಬದಿಯಿಂದ ಮತ್ತೆ ಮಡಚಿ, ನವಜಾತ ಶಿಶುವನ್ನು ಒಯ್ಯುವಂತೆ ಎರಡೂ ಅಂಗೈಗಳ ಮೇಲೆ ಒಯ್ಯುವುದನ್ನು ಕಲಿಸಿದ್ದರು. ಒಂದು ವರ್ಷ ಧ್ವಜದೊಳಗೆ ಪಕಳೆ ತುಂಬುವ ಜವಾಬ್ದಾರಿ ನನಗೆ ಬಂದು, ನಾನು ಭಕ್ತಿಪರವಶಳಾಗಿ ಇಡೀ ಹೂಬುಟ್ಟಿಯನ್ನೇ ತುಂಬಿ, ಅದು ಮಳೆಗೆ ಮುದ್ದೆಯಾಗಿ, ಹಗ್ಗ ಎಳೆದಾಗ ಪುಷ್ಪವೃಷ್ಟಿಯ ಬದಲು ಪುಷ್ಪಪಿಂಡವೊಂದು ಮುಖ್ಯ ಅತಿಥಿಗಳ ಹೆಗಲ ಮೇಲೆ ಧೊಪ್ಪನೆ ಬಿದ್ದದ್ದನ್ನು ನನ್ನ ಗೆಳತಿಯರು ಇನ್ನೂ ಮರೆತಿಲ್ಲ. ಅಂಕೋಲೆಯ ನನ್ನ ಅಜ್ಜಿ ಈ ಕಥೆ ಕೇಳಿ ನಗಲಿಲ್ಲ. ಉಪ್ಪಿನ ಸತ್ಯಾಗ್ರಹದ ಊರಿನವಳು ಆಕೆ. ಹುಡುಗಿಯಾಗಿದ್ದಾಗ ಚರಕವಿದ್ದ ಧ್ವಜವನ್ನು ಕಂಡವಳು. ಆಮೇಲೆ ಚರಕ ಹೋಗಿ ಗಾಲಿಯೊಂದೇ ಉಳಿಯಿತು, ಎರಡೂ ಬದಿಯಿಂದ ಒಂದೇ ರೀತಿ ಕಾಣಲಿ ಎಂದಂತೆ, ಎನ್ನುತ್ತಿದ್ದಳು. ಎರಡೂ ಬದಿಯಿಂದ ಒಂದೇ ರೀತಿ ಕಾಣುವುದು ಧ್ವಜಕ್ಕೆ ಸಾಧ್ಯವಾದಷ್ಟು ಸುಲಭವಾಗಿ ಮನುಷ್ಯರಿಗೆ ಸಾಧ್ಯವಾಗದು ಎಂಬುದು ನನ್ನ ಸೇರ್ಪಡೆ.

ನಿಯಮಗಳೂ ಕಾಲದೊಂದಿಗೆ ನಡೆದು ಬಂದಿವೆ. ಒಂದು ಕಾಲಕ್ಕೆ ನಮ್ಮಂಥವರು ಮನೆಯ ಮೇಲೆ ಬೇಕೆಂದ ದಿನ ಧ್ವಜ ಹಾರಿಸುವಂತಿರಲಿಲ್ಲ, ಈಗ ಹಾರಿಸಬಹುದು. ಸೂರ್ಯಾಸ್ತಕ್ಕೆ ಇಳಿಸಲೇಬೇಕಿತ್ತು, ಈಗ ಮನೆಗಳ ಮೇಲೆ ಹಗಲಿರುಳೂ ಇರಬಹುದು. ಕೈಮಗ್ಗದ್ದೇ ಆಗಬೇಕಿತ್ತು, ಈಗ ಪಾಲಿಯೆಸ್ಟರೂ ನಡೆಯುತ್ತದೆ. ಆದರೆ ಕೊಳೆಯಾದದ್ದು, ಹರಿದದ್ದು ಹಾರಬಾರದು, ಅದರ ಮೇಲೆ ಏನನ್ನೂ ಬರೆಯಬಾರದು ಎಂಬುದು ಅಂದೂ ಇತ್ತು, ಇಂದೂ ಇದೆ.

ಅಂತೂ ಸೇವಂತಿಯ ಬಾವಟೆಯನ್ನು ಇಳಿಸಿ ನನ್ನ ಮನೆಗೆ ತಂದೆವು. ಸೋಪು ಹಾಕಿದೆ, ಕೆಂಪು ಇನ್ನಷ್ಟು ಕೆಂಪಾಯಿತು. ಕುಂಕುಮವೂ ಮೂಲತಃ ಅರಿಸಿನವೇ ಎಂಬ ಪ್ರಯೋಗಶಾಲೆಯ ಪಾಠ ನೆನಪಾಗಿ ಲಿಂಬು ಹಿಂಡಿದೆ; ಹಳದಿಯಾಯಿತು. ತ್ರಿವರ್ಣಕ್ಕೆ ನಾಲ್ಕನೆಯ ಬಣ್ಣವೊಂದನ್ನು ಸೇರಿಸಿದ ಕೀರ್ತಿ ಹೊತ್ತು, ಕೈ ಒರೆಸಿಕೊಂಡು, ಸೇವಂತಿಯನ್ನು ಕರೆದುಕೊಂಡು ಮಾಮನ ಜಗಲಿಗೆ ಹೋದೆ.

“ಕಾನೂನು ಅಂದ್ರೆ ಕಾನೂನೇ ಮಗಾ,” ಎಂದರು ಮಾಮ, ಕನ್ನಡಕ ಏರಿಸಿ. “ನಾ ಯಾರ ಹೆಸರೂ ಹಾಕ್ಲಿಲ್ಲ.”

“ಮನೆ ಫೋಟೋ ಹಾಕಿದ್ರಲ್ಲ ಮಾಮ, ಹೆಸರು ಯಾಕೆ ಬೇಕು? ಅವಳ ಕೆಲಸಕ್ಕೇ ಕುತ್ತು ಬಂತು.”

ಮಾಮ ಏನೋ ಹೇಳಹೊರಟಾಗ ಅಡಿಗೆಮನೆಯಿಂದ ಇಂದಿರಾ ಮಾಮಿಯ ದನಿ ಬಂತು. “ಅವಳಿಗೆ ಹೇಳೂ ಮೊದಲು ನಿಮ್ಮ ಬಾವಟೆ ನೋಡ್ಕಣಿ. ಕೇಸರಿ ಮೂಲೆ.”

“ಎಂತ ಉಂಟು ಅಲ್ಲಿ?”

“ಹತ್ತಿ ನೋಡಿ. ನಿಮ್ಮ ಹೊಸ ಪಂಚೆಗೆ ಹಚ್ಚೂದಿಲ್ವಾ ನಾನು? ಇದಕ್ಕೆ ಬಿಡ್ತ್ನಾ?”

ಮಾಮ ಸ್ಟೂಲು ಹತ್ತಿ, ಧ್ವಜದ ಮೂಲೆಯನ್ನು ಮೂಗಿನ ಹತ್ತಿರ ತಂದು ಬಹಳ ಹೊತ್ತು ನೋಡಿದರು. ಸಾಸಿವೆಯಷ್ಟು ಕೆಂಪು ಕೇಸರಿಯೊಳಗೆ ಸುಖವಾಗಿ ಅಡಗಿತ್ತು. ಅದನ್ನು ಕಂಡು ನನಗೆ ನಗು ಬಂತು, ಮರುಕ್ಷಣವೇ ಹೋಯಿತು. ನನ್ನ ಬಾವಟೆಯನ್ನು ಕಟ್ಟುವಾಗ ದೇವರಕೋಣೆಯಿಂದ ನೇರ ಬಂದ ನನ್ನ ಉಂಗುರಬೆರಳು ಎಲ್ಲಿ ತಾಗಿತ್ತೆಂಬುದು ಆಗ ನೆನಪಾಯಿತು. ಬೊಟ್ಟು ಇಟ್ಟವರು ನಾವೆಲ್ಲರೂ. ಬೊಟ್ಟು ಮಾಡಿ ತೋರಿಸಿದ್ದು ಮಾತ್ರ ಬಿಳಿಯ ಮೇಲೆ ಇಟ್ಟವಳನ್ನು.

ಮಾಮ ಇಳಿದರು. ಫೋಟೋ ಅಳಿಸಿದರು. ಅಕ್ಕೋರಿಗೆ ಫೋನ್ ಮಾಡಿ, “ಅದು ಅವಮಾನ ಅಲ್ಲ, ನಮ್ಮ ಹೆಂಗಸರ ಪದ್ಧತಿ, ತಪ್ಪು ತಿಳೀಬೇಡಿ. ಅವಳು ನಾಳೆ ಬರ್ತಾಳೆ, ಬರ್ಲೇಬೇಕು,” ಎಂದರು. ಕೊನೆಯ ಮಾತಿನಲ್ಲಿ ಹಳೆಯ ಸರ್ವೇಯರನ ಗತ್ತಿತ್ತು. ಆಮೇಲೆ ಒಳಗೆ ಹೋಗಿ, ಸರ್ಕಾರದಿಂದ ಮನೆಮನೆಗೆ ಹಂಚಿದಾಗ ಎರಡು ಕಡೆಯಿಂದ ಬಂದದ್ದರಲ್ಲಿ ಉಳಿದಿದ್ದ ಒಂದು ಹೊಸ ಧ್ವಜವನ್ನು ತಂದು ಸೇವಂತಿಯ ಕೈಗಿತ್ತರು. ಅವಳು ಎರಡೂ ಅಂಗೈ ಚಾಚಿ ತೆಗೆದುಕೊಂಡಳು. ಯಾವ ಸಿಸ್ಟರೂ ಅವಳಿಗೆ ಅದನ್ನು ಕಲಿಸಿರಲಿಲ್ಲ; ಪ್ರಸಾದ ತೆಗೆದುಕೊಳ್ಳುವುದು ಹಾಗೆಯೇ ತಾನೆ.

ಕಲೆಯಾದುದನ್ನು ಖಾಸಗಿಯಾಗಿ, ಗೌರವದಿಂದ ಸುಡಬಹುದೆಂದು ಮಾಮ ಹೇಳಿದಾಗ ಅವಳು, “ಕುಂಕುಮ ಏರಿಸಿದ್ದನ್ನ ಬೆಂಕಿಗೆ ಹಾಕುದಾ?” ಎಂದು ಹಿಂದೆ ಸರಿದಳು. ಯಾರೂ ಒತ್ತಾಯಿಸಲಿಲ್ಲ. ಸುಡುವುದೊಂದೇ ದಾರಿಯಲ್ಲ, ಘನತೆ ಕೆಡದ ಬೇರೆ ದಾರಿಯೂ ಆದೀತೆಂದು ಮಾಮನೇ ಒಪ್ಪಿದರು. ಸದ್ಯಕ್ಕೆ ಅದು ಸಿಸ್ಟರು ಕಲಿಸಿದ ಮಡಿಕೆಯಲ್ಲಿ ನನ್ನ ಕಪಾಟಿನ ರೇಷ್ಮೆ ಸೀರೆಗಳ ಪಕ್ಕ ಇದೆ. ಗೌರವವೆಂದರೆ ಮುಟ್ಟದಿರುವುದು ಎಂದು ಪುಸ್ತಕ ಓದಿದ ನಮಗೆ ಅನಿಸುತ್ತದೆ. ಬೆರಳು ತಾಗಿಸದೆ ಗೌರವಿಸುವುದು ಹೇಗೆಂದು ಸೇವಂತಿಯಂಥವರಿಗೆ ತಿಳಿಯದು. ಇವೆರಡರ ನಡುವೆ ನಾನೆಲ್ಲಿ ನಿಂತಿದ್ದೇನೆಂದು ಯೋಚಿಸುತ್ತಲೇ ಮಧ್ಯಾಹ್ನದ ಸಾರಿಗೆ ಉಪ್ಪು ಹಾಕಲು ಮರೆತೆ.

ಸಂಜೆ ಮಳೆ ಹೊಳವಾದಾಗ ಹೊಸ ಬಾವಟೆ ಏರಿತ್ತು. ಬಿಳಿ ಬಿಳಿಯಾಗಿಯೇ ಇತ್ತು. ನಾನು ಹಸಿ ಬಟ್ಟೆಗಳನ್ನು ಮತ್ತೆ ಹಗ್ಗಕ್ಕೆ ಹಾಕುತ್ತಿದ್ದೆ. ಸೇವಂತಿ ಮರುದಿನಕ್ಕೆಂದು ಸೀರೆ ಇಸ್ತ್ರಿ ಮಾಡಿಸಿಕೊಂಡು ಬೇಲಿಯ ಪಕ್ಕದಲ್ಲೇ ಹಾದುಹೋದಳು. ನಾನು ನೋಡುತ್ತಿರುವುದನ್ನು ಕಂಡು, ನಿಲ್ಲದೆಯೇ ಹೇಳಿದಳು:

“ಇದಕ್ಕೆ ಎಂತದೂ ಹಚ್ಲಿಲ್ಲ ಬಾಯೋರೆ. ಕೋಲಿಗೆ ಹಚ್ಚಿದೆ. ಬಾವಟೆ ಸರ್ಕಾರದ್ದು, ಕೋಲು ನಮ್ದೇ ಅಲ್ವಾ.”