ಪರದೆಯ ಮೇಲಿನ ಪಾದ

ಮುಂಬಯಿಯ ಸ್ಟುಡಿಯೋದಲ್ಲಿ ಸಿನಿಮಾಗಳಿಗೆ ಅರಮನೆ, ಗುಡಿ ಕಟ್ಟಿ ಮೆರೆದ ವಾದಿರಾಜ, ಯುದ್ಧದ ವರ್ಷಗಳಲ್ಲಿ ಸ್ಟುಡಿಯೋ ಮುಚ್ಚಿದ್ದೇ ತನ್ನೂರು ಮಾನ್ವಿಗೆ ಮರಳಿ ನಾಟಕದ ಪರದೆ ಬರೆಯತೊಡಗಿದ. ಪರದೆಯನ್ನು ನೆಲಕ್ಕೆ ಹಾಸಿ, ಅದರ ಮೇಲೇ ಬರಿಗಾಲಲ್ಲಿ ಓಡಾಡಿ ಬಣ್ಣ ಬಳಿಯುವ ಕಸುಬು ಅದು. ದೇವದುರ್ಗದ ಆಟಕ್ಕೆ ವೈಕುಂಠ ಬರೆದಾಗ ಮೂಲೆಯಲ್ಲಿ ಅವನದೇ ಹೆಜ್ಜೆಯೊಂದು ನೀಲಿಯಾಗಿ ಮೂಡಿತು. ಅಳಿಸಲು ಬೇಜಾರು. ‘ಅಲ್ಲಿ ಯಾವ ಮಗ ನೋಡ್ತಾನ ಬಿಡು’ ಅಂದುಕೊಂಡ.

ಆಟ ಮುಗಿದ ಮೇಲೆ ತಾಯಿ ಸತ್ಯಭಾಮಾಬಾಯಿ ರಂಗ ಹತ್ತಿದರು. ಪರದೆಯ ಮುಂದೆ ಬಗ್ಗಿ, ಆ ನೀಲಿ ಹೆಜ್ಜೆ ಮುಟ್ಟಿ ಕಣ್ಣಿಗೊತ್ತಿಕೊಂಡರು.

“ಶ್ರೀಹರಿ ಪಾದಾನೂ ಬರದಿಯಲ್ಲೋ! ಬಾ, ನೀನೂ ನಮಸ್ಕಾರ ಮಾಡು.”

ವಾದಿರಾಜನ ಮೋರೆ ಕಪ್ಪಿಟ್ಟಿತು. ಅವ್ವನ ಪಕ್ಕದಲ್ಲೇ ತನ್ನ ಕಾಲಿಗೆ ತಾನೇ ಅಡ್ಡಬಿದ್ದ.