ಹೋರಿಯ ಹಗ್ಗ ಮತ್ತು ಹದಿನಾರು ಫ್ರೇಮುಗಳು

1998ರಲ್ಲಿ ನಾನು ಕೆನಡಾದ ವಾನ್‌ನ ಒಂದು ಪುಟ್ಟ ಫಿಲ್ಮ್ ಆರ್ಕೈವ್‌ನಲ್ಲಿ ಟೆಕ್ನಿಷಿಯನ್ ಆಗಿದ್ದೆ. ಹರಿದ ಹಳೆಯ ರೀಲುಗಳನ್ನು ಅಂಟಿಸಿ ಮತ್ತೆ ಓಡಿಸುವುದು ನನ್ನ ಕೆಲಸ. ಮೈಸೂರಿನ ಕಾನ್ವೆಂಟಿನಲ್ಲಿ ಸಿಸ್ಟರ್‌ಗಳು ಕಲಿಸಿದ ನೀಡಲ್‌ವರ್ಕ್ ಅಲ್ಲಿ ಉಪಯೋಗಕ್ಕೆ ಬಂತು, ಬಿಲೀವ್ ಮಿ.

ಆ ಜೂನ್‌ನಲ್ಲಿ ಮಾನುಯೆಲ್ ಎಂಬ ಎಂಬತ್ತರ ಪೋರ್ಚುಗೀಸರು ಬಿಸ್ಕತ್ತಿನ ಡಬ್ಬಿಯಲ್ಲಿ ಒಂದು ಮೂಕಿ ರೀಲು ತಂದರು. ಅವರ ದ್ವೀಪದಲ್ಲಿ ಹೋರಿಯ ಕೊರಳಿಗೆ ಉದ್ದದ ಹಗ್ಗ ಕಟ್ಟಿ ಬೀದಿಗೆ ಬಿಡುತ್ತಾರೆ. ಜನ ಕೆಣಕುತ್ತಾರೆ, ಹಗ್ಗದವರು ಹಿಂದಿನಿಂದ ತಡೆಯುತ್ತಾರೆ. ರೀಲಿನಲ್ಲಿದ್ದ ಹಗ್ಗದವರಲ್ಲಿ ಮಾನುಯೆಲ್‌ರ ತಂದೆಯೂ ಒಬ್ಬರು. ಮಗನಿಗೆ ಎರಡು ವರ್ಷವಿದ್ದಾಗಲೇ ತೀರಿಹೋದವರು. ಮಾನುಯೆಲ್ ಕೂಡ ಹರೆಯದಲ್ಲಿ ಅದೇ ಹಗ್ಗ ಹಿಡಿದವರೇ.

ರೀಲಿನ ಕಾಪಿ ಮಾಡಿಸಿ, ಅವರ ಕುಟುಂಬವನ್ನೆಲ್ಲ ಕರೆದು, ಎಂದಿನಂತೆ ಸೆಕೆಂಡಿಗೆ ಇಪ್ಪತ್ನಾಲ್ಕು ಫ್ರೇಮಿನಲ್ಲಿ ಓಡಿಸಿದೆ. ಮೂರು ನಿಮಿಷ. ತೆರೆಯ ಮೇಲಿನವರೆಲ್ಲ ಕೀಲುಗೊಂಬೆಗಳಂತೆ ಕುಣಿದರು.

"ನಿಮ್ಮಪ್ಪ ಹೆದರಿ ಓಡ್ತಿದಾರೆ, ತಾತಾ!" ಎಂದು ಮೊಮ್ಮಗಳು ನಕ್ಕಳು.

ಮಾನುಯೆಲ್ ನಗಲಿಲ್ಲ. "ಅಪ್ಪ ಹಗ್ಗ ಬಿಡಲೇ ಇಲ್ಲ ಅಂತ ಊರೆಲ್ಲ ಹೇಳ್ತಿತ್ತು. ಎಲ್ಲ ಸುಳ್ಳಾ?" ಎಂದು ಎದ್ದು ನಿಂತರು.

ತಪ್ಪು ನನ್ನದು. ಮೂಕಿ ಕಾಲದ ಕ್ಯಾಮೆರಾಗಳನ್ನು ಕೈಯಿಂದ ತಿರುಗಿಸುತ್ತಿದ್ದರು, ವೇಗ ಕಡಿಮೆ. ಅದನ್ನು ಇಪ್ಪತ್ನಾಲ್ಕರಲ್ಲಿ ಓಡಿಸಿದರೆ ನಡೆಯುವವರೂ ಓಡಿದಂತೆ ಕಾಣುತ್ತಾರೆ. ಎಷ್ಟು ಕಡಿಮೆ ಎಂದು ರೀಲಿನ ಮೇಲೆ ಬರೆದಿರುವುದಿಲ್ಲ.

"ಹಗ್ಗ ಹೇಗೆ ಹಿಡೀತೀರಿ, ಮಾನುಯೆಲ್? ತೋರಿಸಿ," ಎಂದು ಎಕ್ಸ್‌ಟೆನ್ಶನ್ ಕಾರ್ಡಿನ ಉದ್ದನೆಯ ವೈರು ಕೊಟ್ಟೆ. ಹೋರಿ? ನನ್ನನ್ನು ಸ್ಟ್ರೀಟ್ಸ್‌ವಿಲ್‌ನ ಮನೆಗೆ ಕರೆದೊಯ್ಯಲು ಬಂದಿದ್ದ ನಮ್ಮವರು ಬಾಗಿಲಲ್ಲಿದ್ದರು. ಹಾವೇರಿ ಕಡೆಯ ಇಂಜಿನಿಯರು.

"ಡ್ರೈವರ್ ಆಗಿ ಬಂದಾಂವ, ಹೋರಿ ಆಗಬೇಕೇನು?"

"ಸುಮ್ನೆ ಎಳೀರಿ, ಪ್ಲೀಸ್."

ಅವರು ವೈರಿನ ಇನ್ನೊಂದು ತುದಿಯನ್ನು ಸೊಂಟಕ್ಕೆ ಸುತ್ತಿಕೊಂಡು, ತಲೆ ತಗ್ಗಿಸಿ ನುಗ್ಗಿದರು. ಮಾನುಯೆಲ್ ಮೈಯನ್ನು ಹಿಂದಕ್ಕೆ ವಾಲಿಸಿ, ಹಿಮ್ಮಡಿ ಊರಿ, ಒಂದೊಂದೇ ಹೆಜ್ಜೆ ಹಿಂದೆ ಸರಿದರು. ಸ್ಟಾಪ್‌ವಾಚ್ ನೋಡಿದೆ: ಹೆಜ್ಜೆಗೆ ಒಂದು ಸೆಕೆಂಡ್. ಬೆಂಚಿನ ಮೇಲೆ ಫಿಲ್ಮ್ ಹರಡಿ ಎಣಿಸಿದೆ. ಅವರಪ್ಪನ ಹೆಜ್ಜೆಗೆ ಹದಿನಾರು ಫ್ರೇಮು! ಅಂದರೆ ಕ್ಯಾಮೆರಾ ತಿರುಗಿದ್ದು ಸೆಕೆಂಡಿಗೆ ಹದಿನಾರರಲ್ಲಿ.

ಹದಿನಾರಕ್ಕೆ ಇಳಿಸಿ ಮತ್ತೆ ಓಡಿಸಿದೆ. ಮೂರು ನಿಮಿಷ ನಾಲ್ಕೂವರೆಯಾಯಿತು. ತೆರೆಯ ಮೇಲಿನ ಮನುಷ್ಯ ಓಡುತ್ತಿರಲಿಲ್ಲ. ಹಿಮ್ಮಡಿ ಊರಿ, ಹೋರಿಯನ್ನು ಹಿಂದಕ್ಕೆ ಜಗ್ಗುತ್ತಿದ್ದ. ಕೊನೆಯ ಫ್ರೇಮಿನವರೆಗೂ ಹಗ್ಗ ಅವನ ಕೈಯಲ್ಲೇ ಇತ್ತು.

"ತಾತಾ, ಈಗ ನೀವು ನಿಂತಿದ್ರಲ್ಲ, ಸೇಮ್ ಹಾಗೇ!" ಎಂದಳು ಮೊಮ್ಮಗಳು.

ಮಾನುಯೆಲ್ ಅಳುತ್ತಲೇ ನಗುತ್ತಿದ್ದರು. ನಮ್ಮವರು ಏದುಸಿರು ಬಿಡುತ್ತ, "ಇನ್ನೊಮ್ಮೆ ಹಾಕವಾ, ಆ ಹೋರಿನೂ ನನ್ನಂಗ ಸುಸ್ತಾತೇನು ನೋಡೂಣು," ಎಂದರು. ಮೂರು ಸಲ ಹಾಕಿದೆ.

ಅಂದಿನಿಂದ ರಿಟೈರಾಗುವವರೆಗೆ, ಯಾವ ಹಳೆಯ ರೀಲು ಬಂದರೂ ಪ್ರೊಜೆಕ್ಟರಿಗೆ ಏರಿಸುವ ಮುನ್ನ ತಂದವರನ್ನು ಕೇಳುತ್ತಿದ್ದೆ: ಇದರಲ್ಲಿನ ಕೆಲಸ ಮಾಡಿ ಗೊತ್ತಿರುವವರು ನಿಮ್ಮಲ್ಲಿ ಯಾರಿದ್ದಾರೆ? ಮೊದಲು ಅವರು ಬರಲಿ.